ಬೆರಳು ನಿಂತ ಗಳಿಗೆ

ನನ್ನ ಮೊದಲ ಚಿತ್ರದಲ್ಲಿ ಏನೂ ನಡೆಯುವುದಿಲ್ಲ. ಹಾಗಂತ ನೋಡಿದವರೇ ಹೇಳಿದ್ದು. ಒಂದು ಹಿತ್ತಾಳೆಯ ಪರಾತ, ಅದರಲ್ಲಿ ಎಳ್ಳು, ಎಳ್ಳಿನ ಮೇಲೆ ಆಡುವ ಒಂದು ಕೈ. ಮುಖವಿಲ್ಲ, ಮಾತಿಲ್ಲ, ಸದ್ದೂ ಇಲ್ಲ. ಬೆರಳುಗಳು ಎಳ್ಳನ್ನು ಸುತ್ತ ಆಡಿಸುತ್ತವೆ, ಆಗಾಗ ಚಮಚದಿಂದ ಒಂದಿಷ್ಟು ಸಕ್ಕರೆ ಪಾಕ ಬೀಳುತ್ತದೆ, ಮತ್ತೆ ಬೆರಳು. ಒಂದು ಕಡೆ ಮಾತ್ರ ಆ ಬೆರಳುಗಳು ಗಕ್ಕನೆ ನಿಂತು, ಒಂದು ಉಸಿರಿನಷ್ಟು ಹೊತ್ತು ಹಾಗೇ ಇದ್ದು, ಆಮೇಲೆ ಮತ್ತೆ ಶುರುಮಾಡುತ್ತವೆ. ಅಷ್ಟೇ ಚಿತ್ರ. ನಮ್ಮ ಸೋದರಮಾವ ಅದನ್ನು ಕೊನೆಯ ತನಕ ನೋಡಿ, "ಚಲೋ ಐತಿ ಬಿಡವಾ, ಆದ್ರ ಸಿನಿಮಾ ಯಾವಾಗ ಶುರು ಆಕ್ಕೈತಿ?" ಅಂದಿದ್ದ.

ಆ ಕೈ ನಮ್ಮ ಅವ್ವನದು. ಅವಳು ಮಾಡುತ್ತಿದ್ದುದು ಸಂಕ್ರಾಂತಿಯ ಕುಸುರೆಳ್ಳು.

ಕುಸುರೆಳ್ಳು ಮಾಡುವುದು ಕೆಲಸಕ್ಕಿಂತ ಹೆಚ್ಚಾಗಿ ಒಂದು ಹಟ. ಶೆಗಡಿಯಲ್ಲಿ ಬೂದಿ ಮುಚ್ಚಿದ ಕೆಂಡ, ಅದರ ಮೇಲೆ ಪರಾತ. ಹಾಲು ಹಾಕಿ ಕೊಳೆ ತೆಗೆದ ತೆಳ್ಳನೆಯ ಪಾಕವನ್ನು ಒಂದು ಚಮಚ ಎಳ್ಳಿನ ಮೇಲೆ ಬಿಟ್ಟು, ಅದು ಒಣಗುವ ತನಕ ಬರಿಗೈಯಿಂದ ಆಡಿಸಬೇಕು. ಒಣಗಿತೋ, ಮತ್ತೊಂದು ಚಮಚ. ಹೀಗೆ ದಿನಗಟ್ಟಲೆ ಮಾಡಿದರೆ ಒಂದೊಂದು ಎಳ್ಳಿನ ಮೈಮೇಲೂ ಬೆಳ್ಳಗೆ ಸಕ್ಕರೆಯ ಮುಳ್ಳು ಏಳುತ್ತವೆ. ಕೆಂಡ ಜೋರಾದರೆ ಸಕ್ಕರೆ ಕಂದುತ್ತದೆ, ಅವಸರ ಮಾಡಿದರೆ ಎಳ್ಳು ಗಂಟು ಕಟ್ಟುತ್ತದೆ, ಚಳಿ ಸಾಲದಿದ್ದರೆ ಮುಳ್ಳು ಏಳುವುದೇ ಇಲ್ಲ. ಅದಕ್ಕೇ ಅವ್ವ ಬೆಳಗಿನ ಚಳಿಯಲ್ಲಿ, ಫ್ಯಾನು ಗಾಳಿ ಏನೂ ತಾಗದ ಹಿಂದಿನ ವರಾಂಡದಲ್ಲಿ ಕೂರುತ್ತಿದ್ದಳು. ಒಮ್ಮೆ ಕೂತರೆ ನಡುವೆ ಕೈ ತೆಗೆಯುವಂತಿಲ್ಲ. ಬಾಗಿಲು ಬಡಿದರೂ ನಾವೇ ಹೋಗಬೇಕು, ಫೋನು ಬಂದರೆ ನಾವೇ ಅವಳ ಕಿವಿಗೆ ಹಿಡಿಯಬೇಕು.

ಆಗ ನಾವು ಸನತ್‌ನಗರದಲ್ಲಿದ್ದೆವು. ಅಪ್ಪ ಗದಗಿನ ಕಡೆಯಿಂದ ಕೇಂದ್ರ ಸರಕಾರದ ಕಾರ್ಖಾನೆಯೊಂದರ ಕೆಲಸಕ್ಕೆ ಬಂದು ಇಲ್ಲೇ ಉಳಿದವನು. ಬೀದಿಯಲ್ಲಿ ತೆಲುಗು, ಬಜಾರಿನಲ್ಲಿ ಹಿಂದಿ, ಹೊಸ್ತಿಲು ದಾಟಿ ಒಳಗೆ ಬಂದರೆ ಕನ್ನಡ. ನಾನು ಬೇಗಂಪೇಟೆಯ ಒಂದು ಸ್ಟುಡಿಯೋದಲ್ಲಿ ಮದುವೆ ವಿಡಿಯೋಗಳನ್ನು ಕತ್ತರಿಸಿ ಜೋಡಿಸುವ ಕೆಲಸ ಮಾಡುತ್ತಿದ್ದೆ. ಇಡೀ ದಿನ ಯಾರದೋ ತಲೆಯ ಮೇಲೆ ಅಕ್ಷತೆ ನಿಧಾನಕ್ಕೆ ಬೀಳುವುದನ್ನು ನೋಡಿ ನೋಡಿ, ನಾನೂ ಒಂದು ದಿನ ಕಲಾವಿದೆಯಾಗಬೇಕು ಅನ್ನುವ ಹುಚ್ಚು ಹತ್ತಿತ್ತು. ಹಾಡಿಲ್ಲದ, ಕಥೆಯಿಲ್ಲದ, ಯಾರಿಗೂ ಅರ್ಥವಾಗದ ಚಿತ್ರ ಮಾಡಬೇಕು ಅನ್ನುವುದು ನನ್ನ ಆಸೆ. ಅದರಲ್ಲಿ ನಾನು ಗೆದ್ದೆ ಅಂತಲೇ ಹೇಳಬೇಕು.

ಆ ವರ್ಷ ಅಕ್ಕ ಬಾಣಂತನಕ್ಕೆ ಬಂದವಳು ತವರಿನಲ್ಲೇ ಇದ್ದಳು. ಭಾವನಿಗೆ ಬೇರೆ ಊರಿಗೆ ವರ್ಗವಾಗಿತ್ತು, ಅಲ್ಲಿ ಮನೆ ಸಿಗುವ ತನಕ ಇಲ್ಲೇ ಇರಲಿ ಅಂತ ಬಿಟ್ಟಿದ್ದರು. ಅಕ್ಕನ ಮಗಳಿಗೆ ಅದು ಮೊದಲ ಸಂಕ್ರಾಂತಿ. ನಮ್ಮಲ್ಲಿ ಮೊದಲ ಸಂಕ್ರಾಂತಿಯ ಕೂಸಿಗೆ ಕಪ್ಪು ಅಂಗಿ ಹೊಲಿಸಿ, ಕುಸುರೆಳ್ಳನ್ನು ದಾರಕ್ಕೆ ಪೋಣಿಸಿ ಹಾರ, ಬಳೆ, ಕಿರೀಟ ಮಾಡಿ ಹಾಕುತ್ತಾರೆ. ಮರುದಿನ ಕರಿ ಎರೆಯುತ್ತಾರೆ: ಕೂಸನ್ನು ಮಣೆಯ ಮೇಲೆ ಕೂಡಿಸಿ ನೆತ್ತಿಯ ಮೇಲಿಂದ ಬಾರೆಹಣ್ಣು, ಕಬ್ಬಿನ ಚೂರು, ಚುರಮುರಿ, ಕುಸುರೆಳ್ಳು ಸುರಿಯುತ್ತಾರೆ. ಓಣಿಯ ಮಕ್ಕಳೆಲ್ಲ ಮುಗಿಬಿದ್ದು ಆರಿಸಿಕೊಳ್ಳುತ್ತಾರೆ. ಅಂಗಡಿಯಲ್ಲಿ ಕುಸುರೆಳ್ಳು ಸಿಗುತ್ತದೆ, ಆದರೆ ಮೊದಲ ಮೊಮ್ಮಗಳ ಕೊರಳಿಗೆ ಅಂಗಡಿಯದು ಹಾಕಲು ಅವ್ವ ಒಪ್ಪುವವಳಲ್ಲ. ಡಿಸೆಂಬರಿನ ಚಳಿ ಕಚ್ಚತೊಡಗಿದ ಕೂಡಲೆ ಶೆಗಡಿ ಹಚ್ಚಿದಳು.

ನಾನು ಸ್ಟುಡಿಯೋದ ಕ್ಯಾಮೆರಾ, ಎರಡು ದೊಡ್ಡ ಲೈಟು ತಂದು ಅವಳ ನೆತ್ತಿಯ ಮೇಲೆ ಹಿಡಿದೆ. ಲೈಟಿನ ಕಾವಿಗೆ ಸಕ್ಕರೆ ಬೆವರಿ ಎಳ್ಳೆಲ್ಲ ಅಂಟುಅಂಟಾಯಿತು. "ನಿನ್ನ ಸಿನಿಮಾಕ್ಕ ಬೆಂಕಿ ಹಚ್ಚಲಿ, ಮೊದಲ ಆ ದೀಪಾ ಆರಸು," ಅಂತ ಅವ್ವ ಕೂಗಿದಳು. ಆವತ್ತಿನ ಎಳ್ಳನ್ನೆಲ್ಲ ಬದಿಗೆ ಸುರಿದು ಹೊಸದಾಗಿ ಶುರುಮಾಡಬೇಕಾಯಿತು. ಆಮೇಲೆ ಬರೀ ಬೆಳಗಿನ ಬೆಳಕಿನಲ್ಲಿ ತೆಗೆದೆ. ಕ್ಯಾಮೆರಾವನ್ನು ಸ್ಟೂಲಿನ ಮೇಲೆ ಕಟ್ಟಿ ನೇರ ಪರಾತದ ಕಡೆ ಬಗ್ಗಿಸಿದ್ದೆ. ಕಣ್ಣು, ಜೀವ ಎಲ್ಲ ಫೋಕಸ್ಸಿನ ಮೇಲೆ. ಹಿಂದೆ ಬಾಗಿಲ ಹತ್ತಿರ ಚಾಪೆಯ ಮೇಲೆ ಕೂಸು ಕೂತಿರುತ್ತಿತ್ತು. ದಿಂಬಿನ ಆಸರೆ ಕೊಟ್ಟರೆ ಕೂರುವಷ್ಟಾಗಿತ್ತು. ಏನು ಸಿಕ್ಕರೂ ಬಾಯಿಗೆ. ಅದರ ಗಲಾಟೆ ನನಗೆ ಆಗ ಅಡ್ಡಿಯೆನಿಸುತ್ತಿತ್ತೇ ಹೊರತು ಬೇರೇನೂ ಅನಿಸುತ್ತಿರಲಿಲ್ಲ.

ಹಬ್ಬ ಇನ್ನೂ ದೂರವಿರುವಾಗಲೇ ಕೂಸಿಗೆ ನೆಗಡಿಯಾಯಿತು. ನೆಗಡಿ ಎದೆಗೆ ಇಳಿಯಿತು. ಆಸ್ಪತ್ರೆಗೆ ಒಯ್ದರು, ಗಾಜಿನ ಬಾಗಿಲ ಹೊರಗೆ ನಾವೆಲ್ಲ ನಿಂತೆವು. ಅದರ ಬಗ್ಗೆ ಇದಕ್ಕಿಂತ ಹೆಚ್ಚು ಬರೆಯಲು ನನ್ನಿಂದ ಆಗುವುದಿಲ್ಲ. ಅಪ್ಪ, ಭಾವ ಮಣ್ಣು ಮಾಡಿ ಬಂದರು. ಅಕ್ಕನನ್ನು ಕರೆದೊಯ್ಯಲಿಲ್ಲ.

ಅಕ್ಕನ ಅತ್ತೆ ಊರಿನಿಂದ ಬಂದರು. ಕೆಟ್ಟ ಹೆಂಗಸಲ್ಲ, ಬಂದವರೇ ಅಕ್ಕನ ತಲೆಯನ್ನು ತೊಡೆಯ ಮೇಲಿಟ್ಟುಕೊಂಡು ಬಹಳ ಹೊತ್ತು ಕೂತಿದ್ದರು. ಆಮೇಲೆ ಅಡುಗೆಮನೆಗೆ ಬಂದು ಅವ್ವನನ್ನು ಕೇಳಿದರು.

"ಬೀಗರ, ಕೂಸಿಗೆ ಹಲ್ಲು ಬಂದಿತ್ತೇನ್ರಿ?"

ಅವ್ವ, "ಇಲ್ರಿ," ಅಂದಳು.

ಈ ಪ್ರಶ್ನೆ ಹೊರಗಿನವರಿಗೆ ವಿಚಿತ್ರ ಅನಿಸಬಹುದು. ಎರಡೂ ಮನೆಗಳಲ್ಲಿ ನಡೆದುಕೊಂಡು ಬಂದದ್ದು ಹೀಗೆ: ಹಲ್ಲು ಬಂದ ಕೂಸು ಹೋದರೆ ಸೂತಕ ಹಿಡಿಯಬೇಕು, ಆ ವರ್ಷ ಮನೆಯಲ್ಲಿ ಹಬ್ಬ ಮಾಡಬಾರದು, ಬಂದವರು ಕೂತು ಅತ್ತು ಹೋಗುತ್ತಾರೆ. ಹಲ್ಲು ಬರದ ಕೂಸಾದರೆ ತಲೆಗೆ ನೀರು ಹಾಕಿಕೊಂಡು ಎದ್ದರಾಯಿತು. ಏನೂ ಆಗದ ಹಾಗೆ.

"ಹಂಗಾದ್ರ ಹಬ್ಬಾ ಬಿಡಬ್ಯಾಡ್ರಿ," ಅಂದರು ಅಕ್ಕನ ಅತ್ತೆ. "ಹುಡುಗಿ ಭಾಳ ಸಣ್ಣಾಕಿ. ಮೂಲ್ಯಾಗ ಕೂಡಿಸಿದ್ರ ಅಲ್ಲೇ ಕುಂತುಬಿಡ್ತಾಳ."

ಅಕ್ಕ ಬಾಗಿಲಲ್ಲಿ ನಿಂತು ಕೇಳಿಸಿಕೊಂಡಿದ್ದಳು. ಅವಳು ಅತ್ತಿರಲಿಲ್ಲ, ದನಿ ಮಾತ್ರ ಒಡೆದಿತ್ತು. "ಹಲ್ಲು ಬಂದಿತ್ತು," ಅಂದಳು. "ಹಾಲು ಕುಡಿಯೂಮುಂದ ನನಗ ಕಚ್ಚಿತ್ತು."

"ವಸಡೂ ಕಚ್ಚತಾವವಾ," ಅಂದಳು ಅವ್ವ, ಅವಳ ಮುಖ ನೋಡದೆ.

"ಬಂದಿತ್ತು ಅವ್ವಾ. ನನಗ ಗೊತ್ತೈತಿ."

ಹೆತ್ತವಳ ಮಾತು, ದುಃಖದಲ್ಲಿ ಏನೋ ಹೇಳುತ್ತಾಳೆ ಅಂತ ಎಲ್ಲರೂ ಅಂದುಕೊಂಡರು. ನಾನೂ ಹಾಗೇ ಅಂದುಕೊಂಡೆ. ಒಂದು ಹಲ್ಲಿನ ಮೇಲೆ ಇಷ್ಟು ಹಟ ಯಾಕೆ ಅಂತ ನನಗೆ ತಿಳಿಯಲೂ ಇಲ್ಲ. ನನಗಾಗ ಇಂಥ ಲೆಕ್ಕಗಳೆಲ್ಲ ಮೂರ್ಖತನ ಅನಿಸುತ್ತಿತ್ತು. ಅದು ಮೂರ್ಖತನವೇ ಇರಬಹುದು, ಆದರೆ ಅಕ್ಕನಿಗೆ ತನ್ನ ಮಗಳು ಒಬ್ಬ ಮನುಷ್ಯಳಾಗಿದ್ದಳು ಅಂತ ನಾಲ್ಕು ಜನರ ಬಾಯಲ್ಲಿ ಕೇಳಬೇಕಿತ್ತು. ಹಾಗೆ ಕೇಳಲು ನಮ್ಮಲ್ಲಿ ಇದ್ದದ್ದು ಅದೊಂದೇ ದಾರಿ.

ಹಬ್ಬ ಮಾಡಿದರು. ಅರ್ಧಕ್ಕೆ ನಿಂತಿದ್ದ ಕುಸುರೆಳ್ಳನ್ನು ಅವ್ವ ಮುಗಿಸಿದಳು. ಸಂಕ್ರಾಂತಿಯ ಸಂಜೆ ಅಕ್ಕನಿಗೆ ಹೊಸ ಸೀರೆ ಉಡಿಸಿ, ಕೈಗೆ ತಟ್ಟೆ ಕೊಟ್ಟು, ಓಣಿಯ ಮನೆಮನೆಗೂ ಎಳ್ಳು ಬೀರಲು ಕಳಿಸಿದರು. ಎಳ್ಳು ಕೊಟ್ಟು ವರ್ಷವಿಡೀ ಒಳ್ಳೆಯ ಮಾತನ್ನೇ ಆಡೋಣ ಅಂತ ಹೇಳುವುದು ರಿವಾಜು. ನಾನು ಅವಳ ಜೊತೆ ಹೋಗಿದ್ದೆ. ಒಂದು ಬಾಗಿಲೂ ಬಿಡದೆ ಅವಳು ಆ ಮಾತು ಹೇಳಿದಳು. ತೆಗೆದುಕೊಂಡ ಹೆಂಗಸರು ಕೂಸಿನ ಸುದ್ದಿ ಎತ್ತಲಿಲ್ಲ, ಹಬ್ಬದ ದಿನ ಅದನ್ನು ಹೇಗೆ ಎತ್ತುತ್ತಾರೆ? ಒಬ್ಬಾಕೆ ಮಾತ್ರ ಅವಳ ಕೆನ್ನೆ ಮುಟ್ಟಿ ಒಳಗೆ ಹೋದಳು. ಕಪ್ಪು ಅಂಗಿ ಏನಾಯಿತು ಅಂತ ನಾನು ಕೇಳಲಿಲ್ಲ.

ಕೆಲವು ತಿಂಗಳ ಮೇಲೆ, ಸ್ಟುಡಿಯೋದಲ್ಲಿ ಕೆಲಸ ಕಡಿಮೆಯಿದ್ದ ಒಂದು ಮಧ್ಯಾಹ್ನ, ಆ ಬೆಳಗುಗಳಲ್ಲಿ ತೆಗೆದ ವಿಡಿಯೋವನ್ನು ತೆರೆದೆ. ಹೆಡ್‌ಫೋನ್ ಹಾಕಿಕೊಂಡ ಕೂಡಲೆ ಮೊದಲು ಕೇಳಿಸಿದ್ದು ಕೂಸಿನ ದನಿ. ತಡೆಯಲಾಗಲಿಲ್ಲ. ಸದ್ದನ್ನು ಪೂರ್ತಿ ಬಂದ್ ಮಾಡಿ, ಬರೀ ಬೆರಳು ನೋಡಿಕೊಂಡು ಚಿತ್ರ ಕತ್ತರಿಸಿದೆ. ಹೀಗೆ ನನ್ನ ಚಿತ್ರ ಮೂಕಿ ಚಿತ್ರವಾಯಿತು. ಬೇರೆ ಯಾವ ದೊಡ್ಡ ವಿಚಾರವೂ ಅದರ ಹಿಂದೆ ಇರಲಿಲ್ಲ.

ಅದನ್ನು ಎಲ್ಲೆಲ್ಲೋ ಸಣ್ಣ ಸಣ್ಣ ಸಭಾಂಗಣಗಳಲ್ಲಿ ತೋರಿಸಿದರು. ತೋರಿಸಿದ ಮೇಲೆ ಪ್ರಶ್ನೆ ಕೇಳುವವರು ಇದ್ದೇ ಇರುತ್ತಾರೆ, ಹೆಚ್ಚಿನವರಿಗೆ ಜುಬ್ಬಾ, ಕೆಲವರಿಗೆ ಗಡ್ಡ. ಸದ್ದಿಲ್ಲದಿರುವುದು ಹೆಣ್ಣಿನ ಮೌನವೇ ಅಂತ ಕೇಳುತ್ತಿದ್ದರು. ನಾನು ಹೌದೆನ್ನುತ್ತಿದ್ದೆ. ಬೆರಳು ನಿಲ್ಲುವ ಆ ಗಳಿಗೆಯನ್ನು ಎಲ್ಲರೂ ಹೊಗಳುತ್ತಿದ್ದರು. ದುಡಿಮೆಯ ನಡುವೆ ದೇಹ ತನ್ನನ್ನು ತಾನೇ ಕೇಳಿಸಿಕೊಳ್ಳುವ ವಿರಾಮ ಅಂತ ನಾನೊಂದು ಮಾತು ಕಟ್ಟಿಟ್ಟುಕೊಂಡಿದ್ದೆ, ಅದನ್ನು ಎಲ್ಲ ಕಡೆ ಬಿಟ್ಟೆ. ನಿಜ ಹೇಳಬೇಕೆಂದರೆ ಅವ್ವ ಯಾಕೆ ಕೈ ನಿಲ್ಲಿಸಿದಳು ಅಂತ ನನಗೆ ಗೊತ್ತೇ ಇರಲಿಲ್ಲ. ಬೆರಳು ಸುಟ್ಟಿರಬೇಕು ಅಂದುಕೊಂಡಿದ್ದೆ.

ಅಕ್ಕ ಆ ಚಿತ್ರ ನೋಡಲಿಲ್ಲ. "ಅವ್ವನ ಕೈ ನಾ ದಿನಾ ನೋಡೀನಿ, ಅದಕ್ಕ ಟಿಕೀಟ್ ಯಾಕ?" ಅನ್ನುತ್ತಿದ್ದಳು. ಮುಂದೆ ಅವಳಿಗೆ ಒಬ್ಬ ಮಗ ಹುಟ್ಟಿದ, ಭಾವ ಮತ್ತೆ ಈ ಊರಿಗೇ ಬಂದ. ಭಾವ ಒಳ್ಳೆಯವನೇ. ಆದರೆ ಅಕ್ಕ ಅಳುವುದನ್ನು ನೋಡಲಾರದೆ, ಫೋನಿನಲ್ಲಿದ್ದ ಮಗಳ ಫೋಟೋ, ವಿಡಿಯೋ ಎಲ್ಲವನ್ನೂ ಆಗಲೇ ಅಳಿಸಿಹಾಕಿದ್ದ. ಅಕ್ಕ ಅದನ್ನೂ ನುಂಗಿಕೊಂಡಳು. ಹಲ್ಲಿನ ಮಾತನ್ನು ಮಾತ್ರ ಅವಳು ಬಿಟ್ಟಿರಲಿಲ್ಲ. ಅಪ್ಪ ತೀರಿಕೊಂಡ ವರ್ಷ ನಮ್ಮಲ್ಲಿ ಒಂದು ಹಬ್ಬವೂ ಆಗಲಿಲ್ಲ. ಯುಗಾದಿಗೆ ತೋರಣವಿಲ್ಲ, ದೀಪಾವಳಿಗೆ ಎಣ್ಣೆ ಸ್ನಾನವಿಲ್ಲ, ಅಕ್ಕಪಕ್ಕದವರು ತಂದುಕೊಟ್ಟದ್ದನ್ನು ತಿಂದುಕೊಂಡು ಕೂತಿದ್ದೆವು. ಆ ದೀಪಾವಳಿಯ ದಿನ ಅಕ್ಕ, ಯಾರಿಗೂ ಅಂತ ಅಲ್ಲ, "ಅಪ್ಪಗ ಒಂದು ವರ್ಷ. ಆಕಿಗೆ ಒಂದು ದಿನಾನೂ ಇಲ್ಲ," ಅಂದಿದ್ದಳು. ಅವ್ವ ಎದ್ದು ದೇವರ ಕೋಣೆಗೆ ಹೋದಳು.

ಈಗ ಅವ್ವ, ನಾನು ಮಿಯಾಪುರದ ಅಪಾರ್ಟ್‌ಮೆಂಟಿನಲ್ಲಿದ್ದೇವೆ. ಇಲ್ಲಿ ಶೆಗಡಿ ಹಚ್ಚುವಂತಿಲ್ಲ. ಗ್ಯಾಸಿನ ಉರಿ ಸಣ್ಣಗಿಟ್ಟು, ಮೇಲೆ ಹಂಚಿಟ್ಟು, ಹಂಚಿನ ಮೇಲೆ ಪರಾತವಿಟ್ಟು ಅವ್ವ ಕುಸುರೆಳ್ಳು ಮಾಡುತ್ತಾಳೆ. ಮುಳ್ಳು ಮೊದಲಿನ ಹಾಗೆ ಏಳುವುದಿಲ್ಲ ಅಂತ ದಿನಾ ಬೈದುಕೊಳ್ಳುತ್ತಾಳೆ. ಈ ಸಲದ ಹಬ್ಬಕ್ಕೆ ಮುಂಚೆ ಒಂದು ಸಿನಿಮಾ ಬಳಗದವರು ನನ್ನ ಹಳೆಯ ಚಿತ್ರ ಕೇಳಿದರು. ಮೂಲ ಸದ್ದು ಇದ್ದರೆ ಅದನ್ನೂ ಕೊಡಿ ಅಂದರು. ಹಳೆಯ ಹಾರ್ಡ್ ಡಿಸ್ಕ್ ಹುಡುಕಿ ತೆಗೆದೆ. ಅಕ್ಕ ಆವತ್ತು ಮೆಟ್ರೋದಲ್ಲಿ ಬಂದಿದ್ದಳು, ಅವ್ವನಿಗೆ ಎಳ್ಳು ತೊಳೆದು ಒಣಗಿಸಿಕೊಡಲು. ಕೆಲಸ ಮುಗಿಸಿ ಕೈ ಒರೆಸಿಕೊಳ್ಳುತ್ತ ನನ್ನ ಹಿಂದೆ ಬಂದು ನಿಂತಳು.

"ಇದರಾಗ ಆಕಿ ದನಿ ಐತಿ, ಅಕ್ಕ," ಅಂದೆ. "ಹಚ್ಚಲೋ, ಬ್ಯಾಡೋ, ನೀನ ಹೇಳು."

ಅವಳು ಕುರ್ಚಿ ಎಳೆದುಕೊಂಡು ಕೂತಳು. "ಹಚ್ಚು."

ಕಾರ್ಖಾನೆಯ ಭೋಂಗಾದ ಕೂಗು, ಯಾರದೋ ಮನೆಯ ಕುಕ್ಕರ್ ಸೀಟಿ, ಎಳ್ಳು ಪರಾತಕ್ಕೆ ಉಜ್ಜುವ ಸರಸರ. ಅದರ ನಡುವೆ ಕೂಸು ಬಬ್ಬಬ್ಬ ಅನ್ನುತ್ತಿತ್ತು, ತನ್ನಷ್ಟಕ್ಕೆ ನಗುತ್ತಿತ್ತು. ಅಕ್ಕ ಬಾಯಿಗೆ ಸೆರಗು ಒತ್ತಿಕೊಂಡಳು. ನಿಲ್ಲಿಸಲು ಹೋದರೆ ನನ್ನ ಕೈ ಹಿಡಿದಳು. ಅಷ್ಟರಲ್ಲಿ ಸಣ್ಣಗೆ ಟಿಣ್ ಅಂತ ಕೇಳಿಸಿತು. ಸ್ವಲ್ಪ ತಡೆದು ಮತ್ತೆ ಟಿಣ್. ಕೂಸಿನ ಕೈಗೆ ಯಾರೋ ಸ್ಟೀಲಿನ ಚಮಚ ಕೊಟ್ಟಿರಬೇಕು, ಅದನ್ನು ಬಾಯಿಗೆ ಹಾಕಿಕೊಂಡು ಕಡಿಯುತ್ತಿತ್ತು. ಮಕ್ಕಳನ್ನು ಸಾಕಿದ ಯಾವ ಹೆಂಗಸಿಗಾದರೂ ಆ ಸದ್ದು ಗೊತ್ತು. ವಸಡಿಗೆ ಚಮಚ ಬಡಿದರೆ ಸದ್ದು ಬರುವುದಿಲ್ಲ.

"ಹಿಂದಕ್ಕ ತಗೋ," ಅಂದಳು ಅಕ್ಕ.

ತೆಗೆದುಕೊಂಡೆ. ಈ ಸಲ ಅವಳು ಕಿವಿಗಿಂತ ಹೆಚ್ಚಾಗಿ ಕಣ್ಣಿಟ್ಟಿದ್ದಳು. ಮೊದಲ ಟಿಣ್ ಆದ ಕೂಡಲೆ ಪರದೆಯ ಮೇಲೆ ಅವ್ವನ ಬೆರಳುಗಳು ನಿಂತವು. ಎರಡನೆಯದು ಆಗುವ ತನಕ ಅಲುಗಲಿಲ್ಲ. ಆಮೇಲೆ ಶುರುವಾದವು. ನಾನು ಅಷ್ಟು ಸಭಾಂಗಣಗಳಲ್ಲಿ ವಿರಾಮ, ದೇಹ, ದುಡಿಮೆ ಅಂತ ಒದರಿದ್ದು ಇದೇ ಗಳಿಗೆಯ ಬಗ್ಗೆ. ನನಗೆ ನನ್ನ ಮೇಲೇ ಹೇಸಿಗೆಯಾಯಿತು. ಅಕ್ಕ ಎದ್ದು ಅಡುಗೆಮನೆಗೆ ಹೋದಳು, ನಾನು ಹಿಂದೆ ಹೋದೆ.

"ಅವ್ವಾ, ನಿನಗ ಕೇಳಿಸಿತ್ತು," ಅಂದಳು.

ಅವ್ವ ಆಡಿಸುತ್ತಲೇ ಇದ್ದಳು. ಒಳಗಿನ ಸದ್ದು ಅವಳಿಗೂ ಕೇಳಿಸಿರಬೇಕು, ಏನು ಅಂತ ಕೇಳಲಿಲ್ಲ. ಗ್ಯಾಸು ಆರಿಸಿದಳು. ಪರಾತದಿಂದ ಕೈ ತೆಗೆದಳು.

"ಕೇಳಿಸಿತ್ತು," ಅಂದಳು. "ಕೆಲಸಾ ಮುಗದ ಮ್ಯಾಲೆ ಕೈ ತೊಳಕೊಂಡು ಬಂದು ಬಾಯಾಗ ಬೆರಳಿಟ್ಟು ನೋಡಿದೆ. ಕೆಳಗ, ನುಚ್ಚಿನಷ್ಟು ಇತ್ತು. ಹಬ್ಬದ ದಿನಾ ಎಲ್ಲಾರ ಮುಂದ ಹೇಳಿ ನಿನ್ನ ನಗಸಬೇಕಂತ ಸುಮ್ಮನಿದ್ದೆ."

"ಆಮ್ಯಾಲೆ ಯಾಕ ಇಲ್ಲಂದಿ?"

"ನೀ ಊಟಾ ಬಿಟ್ಟಿದ್ದಿ. ವರ್ಷಪೂರ್ತಿ ಹಂಗ ಮೂಲಿ ಹಿಡದು ಕುಂತ್ರ ನೀನೂ ನನ್ನ ಕೈ ಬಿಟ್ಟು ಹೋಗ್ತಿ ಅಂತ ಅಂಜಿಕಿ ಬಂತು. ಹಬ್ಬಾ ಮಾಡಿದ್ರ ನಾಕ ಮಂದ್ಯಾಗ ಬೆರೀತಿ ಅಂದ್ಕೊಂಡೆ. ನನಗ ನೀ ಬೇಕಾಗಿದ್ದಿ."

"ಆಕಿ ಲೆಕ್ಕಕ್ಕಿಲ್ಲದ ಕೂಸಾದ್ಳಲ್ಲವಾ," ಅಂದಳು ಅಕ್ಕ. "ನಾ ಅತ್ತರ ನನಗ ಹುಚ್ಚು ಹಿಡದೈತಿ ಅಂದ್ರು. ನನಗೂ ಹಂಗ ಅನಸಾಕತ್ತಿತ್ತು. ಖರೇನ ಹಲ್ಲು ಇದ್ದಿಲ್ಲೇನೋ, ನಾನ ಸುಳ್ಳು ಹೇಳಾಕತ್ತೀನೇನೋ ಅಂತ."

ಮಗಳನ್ನು ಉಳಿಸಿಕೊಳ್ಳಲು ಮೊಮ್ಮಗಳು ಇದ್ದೇ ಇರಲಿಲ್ಲ ಅನ್ನುವಂತೆ ಮಾಡಿದವಳು ಅವ್ವ. ಯಾರ ಮೇಲೆ ಸಿಟ್ಟು ಮಾಡಬೇಕು ಅಂತ ನನಗೆ ತಿಳಿಯಲಿಲ್ಲ, ಈಗಲೂ ತಿಳಿದಿಲ್ಲ. ಅಕ್ಕ ಊಟ ಮಾಡದೆ ಹೋದಳು. ಹೋಗುವ ಮುಂಚೆ ಸದ್ದಿರುವ ಪ್ರತಿಯನ್ನು ಅವಳ ಫೋನಿಗೆ ಹಾಕಿಕೊಟ್ಟೆ. ಬಳಗದವರಿಗೆ ಹಳೆಯ ಮೂಕಿಯನ್ನೇ ಕಳಿಸಿದೆ, ಸದ್ದು ಕೆಟ್ಟುಹೋಗಿದೆ ಅಂತ ಬರೆದೆ.

ಮರುದಿನ ಅವ್ವ, ಸಾವಿನ ಸುದ್ದಿ ಈಗಷ್ಟೇ ಕೇಳಿದವರ ಹಾಗೆ, ತಲೆಗೆ ತಣ್ಣೀರು ಸುರಿದುಕೊಂಡಳು. ಅರ್ಧ ಆಗಿದ್ದ ಕುಸುರೆಳ್ಳನ್ನು ಒಂದು ಡಬ್ಬಿಗೆ ತುಂಬಿ ಮೇಲಿಟ್ಟಳು, ಪರಾತ ತೊಳೆದು ಕವುಚಿದಳು. ಅಕ್ಕನಿಗೆ ಫೋನು ಮಾಡಿ, "ಹಬ್ಬದ ದಿನಾ ಬಾ. ಏನೂ ಮಾಡೂದಿಲ್ಲ, ಸುಮ್ಮನ ಬಾ," ಅಂದಳು.

ಅಕ್ಕ ಬರುತ್ತಾಳೆ ಅಂತ ನನಗೆ ನಂಬಿಕೆಯಿರಲಿಲ್ಲ. ಬಂದಳು. ಹಳೆಯ ಸೀರೆ ಉಟ್ಟುಕೊಂಡು ಬಂದು ಅಡುಗೆಮನೆಯಲ್ಲಿ ಗೋಡೆಗೆ ಒರಗಿ ಕೂತಳು. ಕಟ್ಟಡದ ಎಲ್ಲ ಬಾಗಿಲುಗಳ ಮುಂದೆ ರಂಗೋಲಿ, ನಮ್ಮ ಬಾಗಿಲು ಬರಿದು. ಮಧ್ಯಾಹ್ನದ ಹೊತ್ತಿಗೆ ಎದುರು ಮನೆಯ ತೆಲುಗಿನ ಹೆಂಗಸು ಒಂದು ತಟ್ಟೆ ತುಂಬ ಅರಿಸೆಲು, ಅವರ ಕಡೆಯ ಕಜ್ಜಾಯ, ತಂದರು. ಹೋದ ಹಬ್ಬಕ್ಕೆ ಸ್ವಲ್ಪ ಮುಂಚೆ ಈ ಕಟ್ಟಡಕ್ಕೆ ಬಂದವರು, ಅವ್ವನ ಕುಸುರೆಳ್ಳು ಅಂದರೆ ಅವರ ಮಕ್ಕಳಿಗೆ ಪ್ರಾಣ. ಬರಿ ಹೊಸ್ತಿಲು ನೋಡಿ ಹಿಂಜರಿದು ನಿಂತರು. ಅವ್ವ ಬಾಗಿಲಿಗೆ ಹೋಗಿ, ತನ್ನ ಮುರುಕು ತೆಲುಗಿನಲ್ಲಿ, ಈ ವರ್ಷ ನಮಗೆ ಹಬ್ಬವಿಲ್ಲಮ್ಮ ಅಂದಳು.

"ಅಯ್ಯೋ, ಎವರು ಪೋಯಾರಮ್ಮಾ?" ಯಾರು ಹೋದರು ಅಂತ ಅವರು ಗಾಬರಿಯಿಂದ ಕೇಳಿದರು.

"ಮಾ ಮನವರಾಲು," ಅಂದಳು ಅವ್ವ. ನಮ್ಮ ಮೊಮ್ಮಗಳು.

ಅವ್ವನಿಗೆ ಮೊಮ್ಮಗಳಿದ್ದದ್ದೇ ಅವರಿಗೆ ಗೊತ್ತಿರಲಿಲ್ಲ. ಅವರು ನನ್ನ ಕಡೆ ನೋಡಿದರು, ಮತ್ತೆ ಅವ್ವನ ಕಡೆ. ಎಷ್ಟು ದೊಡ್ಡವಳಮ್ಮ ಅಂತ ಮೆಲ್ಲಗೆ ಕೇಳಿದರು.

"ಚಿನ್ನ ಪಿಲ್ಲ," ಅಂದಳು ಅವ್ವ. ಸಣ್ಣ ಕೂಸು. ಆಮೇಲೆ ತೆಲುಗು ಕೈಕೊಟ್ಟಿತೋ ಏನೋ, ಕನ್ನಡದಲ್ಲೇ, ಒಳಗೆ ಕೇಳಿಸುವಷ್ಟು ಗಟ್ಟಿಯಾಗಿ ಹೇಳಿದಳು. "ಆಗಷ್ಟ ಹಲ್ಲು ಬಂದಿತ್ತರಿ."

ಅಡುಗೆಮನೆಯಿಂದ ಅಕ್ಕ ಅಳುವುದು ಕೇಳಿಸಿತು. ಸೆರಗು ಒತ್ತಿಕೊಂಡ ಅಳುವಲ್ಲ, ಬಾಯಿಬಿಟ್ಟು, ಸಾವಿನ ಮನೆಯಲ್ಲಿ ಅಳುವ ಹಾಗೆ. ಎದುರು ಮನೆಯವರು ತಟ್ಟೆಯನ್ನು ನನ್ನ ಕೈಗೆ ಕೊಟ್ಟು, ಚಪ್ಪಲಿ ಬಿಟ್ಟು ಒಳಗೆ ಬಂದು ಅವಳ ಪಕ್ಕದಲ್ಲಿ ಕೂತರು. ಅವ್ವ ಇನ್ನೊಂದು ಬದಿಗೆ ಕೂತಳು. ಸಂಜೆಯ ತನಕ ಅಕ್ಕ ಅತ್ತಳು, ಸಾಕು ಅಂತ ಅವಳಿಗೆ ಯಾರೂ ಹೇಳಲಿಲ್ಲ.